ಆಟಿಯ ತೇವ ಕುಡಿದ ಮೋಟಾರು

ಕಳೆದ ವರ್ಷ ಆಗಸ್ಟ್‌ನಲ್ಲಿ ಕುಂಬಳೆ ಹತ್ತಿರದ ಅನಂತಪುರ ಕೈಗಾರಿಕಾ ಪ್ರದೇಶದ ಒಂದು ಘಟಕದಿಂದ ಫೋನ್ ಬಂತು. ಬಾಯ್ಲರಿನ ಹೊಗೆ ಎಳೆಯುವ ಐಡಿ ಫ್ಯಾನಿಗೆ ಮೋಟಾರು ತಂದಿದ್ದಾರೆ, ಬಂದು ಚಾಲೂ ಮಾಡಿಕೊಡಬೇಕು. 75 ಕಿಲೋವ್ಯಾಟ್, 415 ವೋಲ್ಟ್, 4 ಪೋಲ್, 128 ಆಂಪಿಯರ್. "ಹೊಸ ಮೋಟಾರು ಮಾರಾಯ್ರೆ, ಅರ್ಧ ದಿನದ ಕೆಲಸ" ಅಂದರು ಯಜಮಾನರು.

"ಬಂದದ್ದು ಯಾವಾಗ?" ಅಂತ ಕೇಳಿದೆ. ಮೇ ಕೊನೆಗೆ ಬಂದಿತ್ತು. ಆಮೇಲೆ ಮಳೆಗಾಲ ಪೂರ್ತಿ ಶೆಡ್ಡಿನ ಮೂಲೆಯಲ್ಲಿ ಟಾರ್ಪಾಲು ಹೊದಿಸಿ ಇಟ್ಟಿದ್ದರು. ಪಕ್ಕದಲ್ಲೇ ಮರ ಚೂರು ಮಾಡುವ ಚಿಪ್ಪರ್ ಹಗಲಿಡೀ ಓಡುತ್ತಿತ್ತು. ಇಷ್ಟು ಕೇಳಿದ ಮೇಲೆ ಅರ್ಧ ದಿನದಲ್ಲಿ ಮುಗಿಯುವ ಆಸೆ ನನಗಿರಲಿಲ್ಲ.

ನಮ್ಮೂರ ಆಟಿ ತಿಂಗಳ (ತುಳುನಾಡಿನ ಮಳೆಗಾಲದ ತಿಂಗಳು) ಗಾಳಿ ಹೇಗಿರುತ್ತದೆ ಅಂತ ಇಲ್ಲಿಯವರಿಗೆ ಹೇಳಬೇಕಾಗಿಲ್ಲ. ಕಪಾಟಿನಲ್ಲಿಟ್ಟ ಬಟ್ಟೆಗೂ ಬೂಸಲು ಬರುತ್ತದೆ. ಟಾರ್ಪಾಲು ಹೊದಿಸಿದರೆ ಮೇಲಿನ ನೀರು ತಡೆಯಬಹುದು. ಆದರೆ ತೇವದ ಗಾಳಿ ಒಳಗೇ ಸಿಕ್ಕಿಕೊಳ್ಳುತ್ತದೆ. ರಾತ್ರಿ ಕಬ್ಬಿಣ ತಣ್ಣಗಾದಾಗ ಅದೇ ಗಾಳಿಯ ತೇವ ನೀರಾಗಿ ಮೋಟಾರಿನ ತಂತಿ ಸುರುಳಿ, ಅಂದರೆ ವೈಂಡಿಂಗಿನ ಮೇಲೆ ಕೂರುತ್ತದೆ.

ಮೊದಲು ಟರ್ಮಿನಲ್ ಬಾಕ್ಸ್ ತೆರೆದು ಲಿಂಕುಗಳನ್ನು ತೆಗೆದೆ. ಹಾಗೆ ಮಾಡಿದರೆ ಮೂರು ಫೇಸುಗಳನ್ನು ಬೇರೆ ಬೇರೆಯಾಗಿ ನೋಡಬಹುದು. ಒಳಗಿದ್ದ ಬಿಸಿ ಗುರುತಿಸುವ ಥರ್ಮಿಸ್ಟರಿನ ಎರಡು ವಯರನ್ನು ಒಟ್ಟಿಗೆ ಸೇರಿಸಿ ಮೋಟಾರಿನ ಕಬ್ಬಿಣದ ಮೈಗೆ ಕಟ್ಟಿದೆ. ಅದರ ಎರಡು ತುದಿಗಳ ನಡುವೆ ಮೆಗ್ಗರ್ (ಇನ್ಸುಲೇಷನ್ ಪರೀಕ್ಷಿಸುವ ಯಂತ್ರ) ಹಾಕಿದರೆ ಸುಟ್ಟೇ ಹೋಗುತ್ತದೆ. ಮೋಟಾರಿನ ವೇಗ ಬದಲಿಸುವ ಎಲೆಕ್ಟ್ರಾನಿಕ್ ಡ್ರೈವ್, ಅಂದರೆ ವಿಎಫ್‌ಡಿ ಇರುವ ಕಡೆ ಡ್ರೈವಿನ ಕೇಬಲ್ ಬಿಚ್ಚದೆ ಮೆಗ್ಗರ್ ಮುಟ್ಟಲೇಬಾರದು. ಇಲ್ಲಿ ಸ್ಟಾರ್ ಡೆಲ್ಟಾ ಸ್ಟಾರ್ಟರ್ ಇತ್ತು (ಮೊದಲು ಸ್ಟಾರ್ ಜೋಡಣೆಯಲ್ಲಿ ಕಡಿಮೆ ಕರೆಂಟಿನಲ್ಲಿ ಎಬ್ಬಿಸಿ, ಆಮೇಲೆ ಡೆಲ್ಟಾಕ್ಕೆ ಬದಲಿಸುವುದು), ಆ ಚಿಂತೆ ಇರಲಿಲ್ಲ.

500 ವೋಲ್ಟ್ ಡಿಸಿ ಕೊಟ್ಟು ಒಂದು ನಿಮಿಷಕ್ಕೆ ನೋಡಿದೆ, 0.8 ಮೆಗಾ ಓಮ್. ಹತ್ತು ನಿಮಿಷ ಹಿಡಿದಾಗ 0.9. ಈ ಎರಡರ ಭಾಗಲಬ್ಧವೇ ಪಿಐ, ಅಂದರೆ ಪೋಲರೈಸೇಷನ್ ಇಂಡೆಕ್ಸ್. ಒಣಗಿದ, ಒಳ್ಳೆಯ ಇನ್ಸುಲೇಷನ್ನಿನಲ್ಲಿ ಓದು (ಮೆಗ್ಗರ್ ತೋರಿಸುವ ರೀಡಿಂಗ್) ನಿಮಿಷ ಕಳೆದಂತೆ ಏರುತ್ತಾ ಹೋಗುತ್ತದೆ, ಪಿಐ 2 ದಾಟುತ್ತದೆ. ಇಲ್ಲಿ 1.1. ಇನ್ಸುಲೇಷನ್ ಪರೀಕ್ಷೆಯ ಮಾನದಂಡ ಐಇಇಇ 43ರ ಪ್ರಕಾರ ಇಂಥ ಲೋ ವೋಲ್ಟೇಜ್ ಮೋಟಾರಿಗೆ 40 ಡಿಗ್ರಿಯಲ್ಲಿ ಕನಿಷ್ಠ 5 ಮೆಗಾ ಓಮ್ ಬೇಕು. ವೈಂಡಿಂಗ್ ಬಿಸಿ 10 ಡಿಗ್ರಿ ಏರಿದರೆ ಓದು ಸುಮಾರು ಅರ್ಧಕ್ಕೆ ಇಳಿಯುತ್ತದೆ. ನಮ್ಮ ವೈಂಡಿಂಗ್ ಆಗ 28 ಡಿಗ್ರಿಯಲ್ಲಿತ್ತು. ಲೆಕ್ಕ ಹಾಕಿದರೆ 0.8 ಕೂಡ ನಿಜವಾದದ್ದಲ್ಲ, 0.35ರ ಹತ್ತಿರ.

"ಒಮ್ಮೆ ಸ್ವಿಚ್ ಹಾಕಿ ನೋಡುವಾ, ಓಡಿದರೆ ತಾನೇ ಒಣಗುತ್ತದೆ" ಅಂದರು ಫೋರ್‌ಮನ್. ಈ ಮಾತನ್ನು ಎಷ್ಟೋ ಕಡೆ ಕೇಳಿದ್ದೇನೆ. ಹಾಗೆ ಸ್ವಿಚ್ ಹಾಕಿ ವೈಂಡಿಂಗ್ ಕರಿಯಾದದ್ದನ್ನೂ ಕಣ್ಣಾರೆ ನೋಡಿದ್ದೇನೆ. ಒಪ್ಪಲಿಲ್ಲ.

ತಳದ ಡ್ರೈನ್ ಪ್ಲಗ್ ಬಿಚ್ಚಿದೆವು, ಅರ್ಧ ಲೋಟದಷ್ಟು ನೀರು ಬಂತು. ಚೈನ್ ಬ್ಲಾಕ್ ಕಟ್ಟಿ ತಿರುಗುವ ಭಾಗ, ಅಂದರೆ ರೋಟರ್ ಹೊರಗೆ ತೆಗೆದೆವು. ವೈಂಡಿಂಗ್ ಇರುವ ನಿಂತ ಭಾಗ, ಅಂದರೆ ಸ್ಟೇಟರಿನ ಹೊಟ್ಟೆಯೊಳಗೆ 200 ವ್ಯಾಟಿನ ನಾಲ್ಕು ಬಲ್ಬುಗಳನ್ನು ವೈಂಡಿಂಗಿಗೆ ತಾಗದಂತೆ ತೂಗಿಸಿದೆವು. ಮೇಲೆ ಟಾರ್ಪಾಲು ಹೊದಿಸಿ ನೆತ್ತಿಯಲ್ಲಿ ಒಂದು ಗೇಣು ಜಾಗ ಬಿಟ್ಟೆವು. ಆ ಜಾಗ ಬಿಡದಿದ್ದರೆ ಹಬೆ ಹೋಗುವುದೆಲ್ಲಿಗೆ? ಬಿಸಿ ನಿಧಾನ ಏರಬೇಕು. ಗಡಿಬಿಡಿಯಲ್ಲಿ ಕಾಯಿಸಿದರೆ ಒಳಗಿನ ನೀರು ಆವಿಯಾಗಿ ಇನ್ಸುಲೇಷನ್ನನ್ನೇ ಒಡೆಯುತ್ತದೆ. ವೈಂಡಿಂಗಿಗೆ ಥರ್ಮಾಮೀಟರ್ ಕಟ್ಟಿ 60 ಡಿಗ್ರಿಯ ಆಸುಪಾಸಿನಲ್ಲಿ ನಿಲ್ಲಿಸಿದೆ. ನಾಲ್ಕು ಗಂಟೆಗೊಮ್ಮೆ ಬಲ್ಬು ಆರಿಸಿ ಮೆಗ್ಗರ್ ಹಾಕುವುದು, ಆಮೇಲೆ ವೈಂಡಿಂಗನ್ನು ಅರ್ತಿಗೆ ಹಿಡಿದು ಚಾರ್ಜ್ ಇಳಿಸುವುದು, ಪುಸ್ತಕದಲ್ಲಿ ಬರೆಯುವುದು.

ಮೊದಲ ರಾತ್ರಿ ಓದು 0.5ಕ್ಕೆ ಇಳಿಯಿತು. ಯಜಮಾನರ ಮುಖ ಬಾಡಿತು. "ಹಾಳಾಯ್ತಾ?" ಅಂದರು. ಅವರಿಗೆ ಅಡಿಕೆ ತೋಟ ಇದೆ, ಅದನ್ನೇ ಹಿಡಿದು ಹೇಳಿದೆ. ಅಂಗಳದ ಅಡಿಕೆ ಹೊರಗಿನಿಂದ ಒಣಗಿದ ಹಾಗೆ ಕಂಡರೂ ಒಡೆದರೆ ಒಳಗೆ ಹಸಿ ಇರುತ್ತದಲ್ವಾ? ಇದರ ಒಳಗಿನ ಹಸಿ ಈಗ ಹೊರಗೆ ಬರುತ್ತಾ ಇದೆ, ಬಿಸಿಯೂ ಏರಿದೆ, ಅದಕ್ಕೆ ಓದು ಇಳಿದದ್ದು. ಇಳಿದು, ಕೆಳಗೆ ಸ್ವಲ್ಪ ಹೊತ್ತು ನಿಂತು, ಆಮೇಲೆ ಏರಬೇಕು. ಎರಡನೇ ದಿನ ಸಂಜೆ 1.5 ಆಯಿತು. ಮೂರನೇ ದಿನ 60 ಡಿಗ್ರಿಯಲ್ಲೇ 9 ಬಂತು, ಮುಂದಿನ ಮೂರು ಓದಿನಲ್ಲೂ ಅಲ್ಲೇ ನಿಂತಿತು. ಬಲ್ಬು ತೆಗೆದು ತಣಿಯಲು ಬಿಟ್ಟು, 32 ಡಿಗ್ರಿಯಲ್ಲಿ ನೋಡಿದಾಗ 60 ಮೆಗಾ ಓಮ್ ದಾಟಿತ್ತು. ಪಿಐ 2.4. ಆ ರಾತ್ರಿ ನೆಮ್ಮದಿಯಾಗಿ ನಿದ್ದೆ ಮಾಡಿದೆ.

ರೋಟರ್ ಹೊರಗೆ ಬಂದದ್ದರಿಂದ ಇನ್ನೊಂದು ವಿಷಯ ಸಿಕ್ಕಿತು. ಬೇರಿಂಗಿನ ಓಟದ ದಾರಿಯಲ್ಲಿ ಗುಂಡುಗಳು ಕೂತಿದ್ದ ಜಾಗದಲ್ಲೇ ಸಮ ಅಂತರದಲ್ಲಿ ಸಣ್ಣ ಸಣ್ಣ ಗುಳಿಗಳು. ಮೂರು ತಿಂಗಳು ತಿರುಗದೆ ನಿಂತ ಮೋಟಾರು, ಪಕ್ಕದಲ್ಲಿ ಚಿಪ್ಪರಿನ ನಡುಕ. ಗುಂಡು ಒಂದೇ ಜಾಗ ಉಜ್ಜಿ ಉಜ್ಜಿ ಆದ ಗಾಯ ಅದು. ಎರಡೂ ಬೇರಿಂಗ್ ಬದಲಾಯಿಸಿದೆವು. ಹೊಸದನ್ನು ಸುತ್ತಿಗೆಯಲ್ಲಿ ಹೊಡೆಯಲು ಬಿಡಲಿಲ್ಲ, 110 ಡಿಗ್ರಿಯ ಒಳಗೆ ಕಾಯಿಸಿ ಏರಿಸಿದೆವು.

ಪಾಯದಲ್ಲಿ ಕೂರಿಸುವಾಗ ಒಂದು ಕಾಲಿನ ಬೋಲ್ಟ್ ಸಡಿಲಿಸಿದರೆ ಡಯಲ್ ಗೇಜು 0.2 ಮಿಲಿಮೀಟರ್ ಆಡಿತು, ಅಂದರೆ ಆ ಕಾಲು ಪಾಯಕ್ಕೆ ಸರಿಯಾಗಿ ಕೂತಿರಲಿಲ್ಲ. ಶಿಮ್ (ತೆಳು ತಗಡು) ಹಾಕಿ 0.05ರ ಒಳಗೆ ತಂದೆವು.

ಪ್ಯಾನೆಲ್ ಬಾಗಿಲು ತೆರೆದಾಗ ಮಾತ್ರ ನನಗೆ ನಿಜವಾಗಿ ಹೆದರಿಕೆ ಆಯಿತು. ಕರೆಂಟು ಮಿತಿ ಮೀರಿದರೆ ಮೋಟಾರು ನಿಲ್ಲಿಸುವ ಓವರ್‌ಲೋಡ್ ರಿಲೇ 128ಕ್ಕೆ ಸೆಟ್ ಆಗಿತ್ತು. ನೇಮ್ ಪ್ಲೇಟಿನಲ್ಲೂ ಅದೇ ಇದೆ, ಸರಿ ಅಂತ ಕಾಣುತ್ತದೆ. ಆದರೆ ರಿಲೇ ಇದ್ದದ್ದು ಮೇನ್ ಕಾಂಟ್ಯಾಕ್ಟರಿನ (ದೊಡ್ಡ ವಿದ್ಯುತ್ ಸ್ವಿಚ್) ಕೆಳಗೆ, ವೈಂಡಿಂಗಿಗೆ ಹೋಗುವ ವಯರಿನಲ್ಲಿ. ಡೆಲ್ಟಾದಲ್ಲಿ ಅಲ್ಲಿ ಹರಿಯುವುದು ಲೈನ್ ಕರೆಂಟಿನ 58 ಶೇಕಡಾ ಮಾತ್ರ. 74ಕ್ಕೆ ಇಡಬೇಕಿತ್ತು. 128ರಲ್ಲಿ ಬಿಟ್ಟಿದ್ದರೆ ಲೈನಿನಲ್ಲಿ 220 ಆಂಪಿಯರ್ ಹರಿದರೂ ರಿಲೇ ಸುಮ್ನೆ ಕೂತಿರುತ್ತಿತ್ತು. ಸ್ಟಾರ್ ಡೆಲ್ಟಾ ಪ್ಯಾನೆಲ್ ಕಂಡಲ್ಲೆಲ್ಲ ನಾನು ಮೊದಲು ರಿಲೇಯ ವಯರ್ ಎಲ್ಲಿಗೆ ಹೋಗುತ್ತದೆ ಅಂತ ಬೆರಳಿಟ್ಟು ಹಿಂಬಾಲಿಸುತ್ತೇನೆ.

ಮೋಟಾರನ್ನು ಫ್ಯಾನಿಗೆ ಜೋಡಿಸುವ ಕಪ್ಲಿಂಗ್ ಹಾಕುವ ಮೊದಲೇ ಒಮ್ಮೆ ಒತ್ತಿ ಬಿಟ್ಟು ಶಾಫ್ಟ್ ತಿರುಗುವ ದಿಕ್ಕು ನೋಡಿದೆವು. ಇಂಥ ಫ್ಯಾನು ಉಲ್ಟಾ ತಿರುಗಿದರೂ ಗಾಳಿ ಹೋಗುವುದು ಅದೇ ಬಾಯಿಂದಲೇ. ಬರೀ ಕಡಿಮೆ ಹೋಗುತ್ತದೆ. ಆಮೇಲೆ ಬಾಯ್ಲರಿನ ತಪ್ಪು ಅಂತ ತಿಂಗಳುಗಟ್ಟಲೆ ಹುಡುಕಬೇಕಾಗುತ್ತದೆ.

ಖಾಲಿ ಓಟದಲ್ಲಿ 38, 41, 44 ಆಂಪಿಯರ್ ಬಂತು. ವ್ಯತ್ಯಾಸ ಜಾಸ್ತಿ ಅನ್ನಿಸಿತು. ಸಪ್ಲೈ ಕಟ್ ಮಾಡಿ ಒಳಬರುವ ಮೂರೂ ವಯರನ್ನು ಒಂದೊಂದು ಮನೆ ಮುಂದಕ್ಕೆ ಸರಿಸಿದೆವು. ಮೂರನ್ನೂ ಸರಿಸಿದರೆ ದಿಕ್ಕು ಬದಲಾಗುವುದಿಲ್ಲ. 44 ಮೊದಲಿನ ಲೈನಿನ ಜೊತೆಗೇ ಹೋಯಿತು. ಹಾಗಾದರೆ ಮೋಟಾರಿನಲ್ಲಿ ದೋಷ ಇಲ್ಲ, ಸಪ್ಲೈಯ ವೋಲ್ಟೇಜು ಸಮ ಇಲ್ಲ. ಅದನ್ನು ಬರೆದು ಕೊಟ್ಟೆ. ಎರಡು ಗಂಟೆ ಓಡಿಸಿದೆವು. ನಡುಕ ಸೆಕೆಂಡಿಗೆ 1.1 ಮಿಲಿಮೀಟರ್. ಬೇರಿಂಗ್ ಬಿಸಿ ಏರಿ ಒಂದು ಕಡೆ ನಿಂತಿತು.

ಫ್ಯಾನಿಗೆ ಜೋಡಿಸಿದ ಮೇಲೆ ಡ್ಯಾಂಪರ್ (ಗಾಳಿಯ ದಾರಿ ಮುಚ್ಚುವ ಬಾಗಿಲು) ಮುಚ್ಚಿಯೇ ಸ್ಟಾರ್ಟ್ ಮಾಡಿದೆವು. ಬಾಯ್ಲರ್ ಇನ್ನೂ ತಣ್ಣಗಿತ್ತು. ತಣ್ಣನೆ ಗಾಳಿ ಬಿಸಿ ಹೊಗೆಗಿಂತ ಭಾರ, ಫ್ಯಾನು ಜಾಸ್ತಿ ಕರೆಂಟು ಎಳೆಯುತ್ತದೆ. ಫೋರ್‌ಮನ್ ಡ್ಯಾಂಪರ್ ಪೂರ್ತಿ ತೆರೆಯಲು ಹೊರಟಿದ್ದರು, ತಡೆದೆ. 110 ಆಂಪಿಯರಿಗೆ ನಿಲ್ಲಿಸಿ, ಬೆಂಕಿ ಹಿಡಿದು ಹೊಗೆ ಬಿಸಿಯಾದ ಮೇಲೆ ಸ್ವಲ್ಪ ಸ್ವಲ್ಪವೇ ತೆರೆದೆವು.

ಹೊರಡುವ ಮೊದಲು ಮೋಟಾರಿನೊಳಗೆ ತೇವ ಕೂರದಂತೆ ಬೆಚ್ಚಗಿಡುವ ಸ್ಪೇಸ್ ಹೀಟರಿಗೆ ವಯರ್ ಎಳೆದುಕೊಟ್ಟೆ. ಫ್ಯಾನು ನಿಂತ ಕೂಡಲೇ ಅದು ತಾನೇ ಉರಿಯುತ್ತದೆ. ಸ್ಟೋರಿನಲ್ಲಿದ್ದ ಉಳಿದ ಮೋಟಾರುಗಳ ಶಾಫ್ಟಿಗೆ ಹಳದಿ ಬಣ್ಣದ ಗುರುತು ಹಾಕಿ, ಪ್ರತಿ ಸೋಮವಾರ ಕೈಯಿಂದ ನಾಲ್ಕು ಸುತ್ತು ತಿರುಗಿಸಿ ಗುರುತು ಬೇರೆ ಕಡೆ ನಿಲ್ಲುವಂತೆ ಮಾಡಲು ಅಲ್ಲಿನ ಹುಡುಗನಿಗೆ ಕಲಿಸಿದೆ. ಈ ವರ್ಷ ಆಟಿಯಲ್ಲಿ ಅವನೇ ಫೋನ್ ಮಾಡಿದ. ಬಾಯ್ಲರ್ ರಿಪೇರಿಗೆ ಇಪ್ಪತ್ತು ದಿನ ನಿಂತಿತ್ತಂತೆ. "ಅಣ್ಣಾ, ಮೆಗ್ಗರ್ ಹಾಕಿದೆ. 85 ತೋರಿಸ್ತಾ ಉಂಟು, ಸ್ಟಾರ್ಟ್ ಮಾಡ್ಲಾ?" ಅಂತ ಕೇಳಿದ. ಮಾಡು ಅಂದೆ.