ಡಿವೋರ್ಸ್ ಕೇಸು ದೂರದ ಕೋರ್ಟಿನಲ್ಲಿದೆಯೇ? ನಿಮ್ಮೂರಿಗೆ ವರ್ಗಾಯಿಸಿಕೊಳ್ಳುವುದು ಹೀಗೆ

ಗಂಡ ಬೆಂಗಳೂರಿನ ಕೌಟುಂಬಿಕ ನ್ಯಾಯಾಲಯದಲ್ಲಿ ವಿಚ್ಛೇದನದ ಅರ್ಜಿ ಹಾಕಿದ್ದಾನೆ. ಹೆಂಡತಿ ನಾಲ್ಕು ವರ್ಷದ ಮಗು ಕಟ್ಟಿಕೊಂಡು ಶಿವಮೊಗ್ಗದ ತವರಿನಲ್ಲಿದ್ದಾಳೆ ಎಂದಿಟ್ಟುಕೊಳ್ಳಿ. ಡೇಟ್ ಇದ್ದರೆ ಹಿಂದಿನ ರಾತ್ರಿಯೇ ಬಸ್ಸು ಹತ್ತಬೇಕು. ಜೊತೆಗೆ ಅಪ್ಪನೋ ಅಣ್ಣನೋ ಕೆಲಸ ಬಿಟ್ಟು ಹೊರಡಬೇಕು. ಬೆಳಿಗ್ಗೆಯಿಂದ ಕಾರಿಡಾರಿನಲ್ಲಿ ಕಾದು, ಹೆಸರು ಕೂಗಿದಾಗ ಒಳಗೆ ಹೋದರೆ ಎರಡೇ ನಿಮಿಷ; ಮತ್ತೊಂದು ಡೇಟ್.

ಕೇಸನ್ನೇ ಊರಿಗೆ ತರಿಸಿಕೊಳ್ಳಲು ದಾರಿಯಿದೆ. ಆದರೆ ವರ್ಗಾವಣೆ ಅರ್ಜಿ ಹಾಕಿದ ಮಾತ್ರಕ್ಕೆ ಬೆಂಗಳೂರಿನ ಕೇಸು ನಿಲ್ಲುವುದಿಲ್ಲ. ಇದನ್ನು ಮರೆತು ಗೈರಾದವರ ವಿರುದ್ಧ, ಅವರ ಮಾತು ಕೇಳದೆಯೇ, ಏಕಪಕ್ಷೀಯ ಆದೇಶ ಆಗಿಬಿಡಬಹುದು. ಹಾಗಾಗಿ ಮೊದಲು ಅಲ್ಲಿ ಒಬ್ಬ ವಕೀಲರಿಗೆ ವಕಾಲತ್ತು (ನಿಮ್ಮ ಪರ ಹಾಜರಾಗುವ ಅಧಿಕಾರಪತ್ರ) ಕೊಡಿ, ಮುಂದಿನ ಡೇಟ್ ತಪ್ಪದಂತೆ ನೋಡಿಕೊಳ್ಳಿ. ಕೇಸಿಗೆ 16 ಅಕ್ಷರ-ಅಂಕಿಗಳ ಗುರುತು ಸಂಖ್ಯೆ, ಅಂದರೆ ಸಿಎನ್‌ಆರ್ ಸಂಖ್ಯೆ ಇರುತ್ತದೆ. ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಅದನ್ನು ಹಾಕಿದರೆ ಡೇಟ್ ಗೊತ್ತಾಗುತ್ತದೆ.

ಇನ್ನು ಅರ್ಜಿ ಎಲ್ಲಿಗೆ? ಎರಡೂ ಊರು ಕರ್ನಾಟಕದೊಳಗೇ ಇದ್ದರೆ ಹೈಕೋರ್ಟಿಗೆ, ಸಿವಿಲ್ ಪ್ರಕ್ರಿಯಾ ಸಂಹಿತೆಯ 24ನೇ ಕಲಂ ಅಡಿ. ಇದನ್ನು ಸಿವಿಲ್ ಪಿಟಿಷನ್ ಎನ್ನುತ್ತಾರೆ. ಕೇಸು ಪುಣೆಯಲ್ಲೋ ಹೈದರಾಬಾದಿನಲ್ಲೋ ಇದ್ದರೆ ನಮ್ಮ ಹೈಕೋರ್ಟಿಗೆ ಕೈ ಚಾಚಲಾಗದು; 25ನೇ ಕಲಂ ಅಡಿ ಸುಪ್ರೀಂ ಕೋರ್ಟಿಗೇ ಹೋಗಬೇಕು. 2008ರ ತೀರ್ಪೊಂದರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಖಚಿತಪಡಿಸಿದೆ. ಕ್ರಿಮಿನಲ್ ಪ್ರಕರಣಗಳಿಗೆ ದಾರಿ ಬೇರೆ: ಹೈಕೋರ್ಟಾದರೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ (ಬಿಎನ್‌ಎಸ್‌ಎಸ್) 447ನೇ ಕಲಂ, ಸುಪ್ರೀಂ ಕೋರ್ಟಾದರೆ 446.

ಮೂಲ ಅರ್ಜಿಯ ಪ್ರತಿ, ಬಂದ ನೋಟಿಸ್, ಪ್ರತಿ ಡೇಟಿನಲ್ಲಿ ನಡೆದದ್ದನ್ನು ಕೋರ್ಟು ಬರೆದಿಡುವ ಆರ್ಡರ್ ಶೀಟ್, ಈಗಿನ ವಿಳಾಸಕ್ಕೆ ಪುರಾವೆ, ಮಗುವಿನ ಶಾಲೆಯ ಪತ್ರ, ಯಾರಿಗಾದರೂ ಕಾಯಿಲೆಯಿದ್ದರೆ ವೈದ್ಯಕೀಯ ದಾಖಲೆ, ಇವೆಲ್ಲ ಜೋಡಿಸಿಟ್ಟುಕೊಳ್ಳಿ. ಅರ್ಜಿಯ ಜೀವ ಇರುವುದು ಅಫಿಡವಿಟ್‌ನಲ್ಲಿ, ಅಂದರೆ ನೀವು ಪ್ರಮಾಣ ಮಾಡಿ ಕೊಡುವ ಲಿಖಿತ ಹೇಳಿಕೆಯಲ್ಲಿ. ‘ದೂರವಾಗುತ್ತದೆ, ತೊಂದರೆಯಾಗುತ್ತದೆ’ ಎಂಬ ಸಿದ್ಧ ಸಾಲು ಬರೆಸಿ ಸಹಿ ಹಾಕಿದರೆ ಅದು ನಿಮ್ಮ ಕೇಸಾಗುವುದಿಲ್ಲ, ನೂರರಲ್ಲಿ ಒಂದಾಗುತ್ತದೆ. ಒಂದು ಡೇಟಿಗೆ ಎಷ್ಟು ಕಿಲೋಮೀಟರ್, ಎಷ್ಟು ಖರ್ಚು, ಆ ದುಡ್ಡು ಕೊಡುವವರು ಯಾರು, ಮಗುವನ್ನು ಯಾರ ಬಳಿ ಬಿಡಬೇಕು, ಎಲ್ಲಿ ತಂಗಬೇಕು: ಆ ಒಂದು ದಿನವನ್ನೇ ನ್ಯಾಯಮೂರ್ತಿಗಳ ಕಣ್ಣಿಗೆ ಕಟ್ಟುವಂತೆ ಬರೆಸಿ. ಉಪ್ಪು-ಖಾರ ಬೇಡ; ಎದುರು ಕಡೆಯವರಿಗೆ ನೋಟಿಸ್ ಹೋಗುತ್ತದೆ, ಅವರು ಆಕ್ಷೇಪಣೆ ಸಲ್ಲಿಸುತ್ತಾರೆ. ಅದೇ ಅರ್ಜಿಯ ಜೊತೆ ಕೆಳ ನ್ಯಾಯಾಲಯದ ಕಲಾಪಕ್ಕೆ ಮಧ್ಯಂತರ ತಡೆಯಾಜ್ಞೆ ಕೇಳಲು ಮರೆಯಬೇಡಿ.

ಕೋರ್ಟು ನೋಡುವುದೇನು? ವೆಲ್ಲೂರಿನಿಂದ ಚೆನ್ನೈಗೆ ಕೇಸು ವರ್ಗಾಯಿಸಿ ಎಂದು ಹೆಂಡತಿ ಕೋರಿದ್ದ ಪ್ರಕರಣದಲ್ಲಿ, 2022ರ ಜುಲೈನಲ್ಲಿ, ಇಂಥ ಅರ್ಜಿಗಳಲ್ಲಿ ಸಾಮಾನ್ಯವಾಗಿ ಹೆಂಡತಿಯ ಅನುಕೂಲವನ್ನೇ ನೋಡಬೇಕು ಎಂದಿತು ಸುಪ್ರೀಂ ಕೋರ್ಟ್. ಇಬ್ಬರ ಆರ್ಥಿಕ ಸ್ಥಿತಿ, ಯಾರ ಆಸರೆಯಲ್ಲಿ ಬದುಕುತ್ತಿದ್ದಾರೆ ಎಂಬುದೂ ಲೆಕ್ಕಕ್ಕೆ ಬರುತ್ತದೆ. ‘ಸಾಮಾನ್ಯವಾಗಿ’ ಎಂಬ ಪದವನ್ನು ಮಾತ್ರ ಹಾರಿಸಿ ಓದಬೇಡಿ. ನರಸಿಂಹರಾಜಪುರದಲ್ಲಿದ್ದ ಕೇಸನ್ನು ಹೊಸನಗರಕ್ಕೆ ವರ್ಗಾಯಿಸಿ, 130 ಕಿ.ಮೀ. ಓಡಾಡಲಾಗದು ಎಂದು ಮಹಿಳೆಯೊಬ್ಬರು ಕೇಳಿದ್ದನ್ನು ಕರ್ನಾಟಕ ಹೈಕೋರ್ಟ್ 2025ರ ಜನವರಿಯಲ್ಲಿ ಒಪ್ಪಲಿಲ್ಲ. ಅಲ್ಲಿ ಇಬ್ಬರು ಚಿಕ್ಕ ಮಕ್ಕಳನ್ನು ನೋಡಿಕೊಳ್ಳುತ್ತಿದ್ದವನು ಗಂಡ. ಅವನಿಗೂ ಓಡಾಟ ಓಡಾಟವೇ ತಾನೇ?

‘ವಿಡಿಯೊ ಕಾನ್ಫರೆನ್ಸ್ ಇದೆಯಲ್ಲ’ ಎಂದು ಎದುರು ವಕೀಲರು ಹೇಳಬಹುದು. ಪ್ರಯಾಣ ವೆಚ್ಚ ಕೊಡುತ್ತೇವೆ ಎಂದೂ ಹೇಳಬಹುದು. ಎರಡಕ್ಕೂ ಉತ್ತರ ಸಿದ್ಧವಿರಲಿ.

ಇಲ್ಲೊಂದು ತಿರುವಿದೆ. ಹಿಂದೂ ವಿವಾಹ ಕಾಯ್ದೆಯ 19ನೇ ಕಲಂ ಪ್ರಕಾರ ಹೆಂಡತಿ ತಾನು ವಾಸವಿರುವ ಊರಿನಲ್ಲೇ ಅರ್ಜಿ ಹಾಕಬಹುದು. ಹಾಗೆಂದು, ಗಂಡ ಬೆಂಗಳೂರಿನಲ್ಲಿ ವಿಚ್ಛೇದನ ಕೇಳಿದ್ದಾನೆ, ನಾನು ಶಿವಮೊಗ್ಗದಲ್ಲಿ ಕೇಳುತ್ತೇನೆ ಎಂದು ಹೊರಟರೆ 21ಎ ಕಲಂ ಅಡ್ಡ ಬರುತ್ತದೆ: ತಡವಾಗಿ ಹಾಕಿದ ಅರ್ಜಿ ಮೊದಲು ಹಾಕಿದ ಕೋರ್ಟಿಗೆ ಹೋಗಬೇಕು. ನಿಮ್ಮ ಕೇಸೂ ಬೆಂಗಳೂರಿನ ಬಸ್ಸು ಹತ್ತುತ್ತದೆ! ಕೇಸು ವರ್ಗಾಯಿಸುವ ಸುಪ್ರೀಂ ಕೋರ್ಟಿನ ಅಧಿಕಾರಕ್ಕೆ ಈ ಕಲಂ ಅಡ್ಡಿಯಲ್ಲ ಎಂದು 1981ರಲ್ಲೇ ತೀರ್ಮಾನವಾಗಿದೆ. ಆದರೂ ವಕೀಲರನ್ನು ಕೇಳದೆ ಎದುರು ಕೇಸು ಹಾಕಬೇಡಿ.

ವಕೀಲರ ಫೀಸಿಗೆ ದುಡ್ಡಿಲ್ಲದಿದ್ದರೆ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. ಮಹಿಳೆಯರಿಗೆ ಆದಾಯ ಎಷ್ಟೇ ಇರಲಿ, ಉಚಿತ ನೆರವು ಸಿಗುತ್ತದೆ. ಸಹಾಯವಾಣಿ 15100.

ಆದೇಶ ನಿಮ್ಮ ಪರ ಬಂದರೆ ಸರ್ಟಿಫೈಡ್ ಕಾಪಿ ತೆಗೆದು ಹಳೆಯ ಕೋರ್ಟಿಗೆ ಸಲ್ಲಿಸಿ, ಕಡತ ಹೊರಟಿದೆಯೇ ಎಂದು ಅಲ್ಲಿನ ವಕೀಲರಿಂದ ವಿಚಾರಿಸುತ್ತಿರಿ. ಹೊಸ ಕೋರ್ಟಿನಲ್ಲಿ ಹಾಜರಾಗಬೇಕಾದ ದಿನವನ್ನು ಆದೇಶದಲ್ಲೇ ಬರೆದಿದ್ದರೆ ಬೇರೆ ನೋಟಿಸಿಗೆ ಕಾಯಬೇಡಿ. ಅಲ್ಲಿ ಕೇಸಿಗೆ ಹೊಸ ನಂಬರು ಬೀಳುತ್ತದೆ, ಹೊಸದಾಗಿ ವಕಾಲತ್ತು ಹಾಕಬೇಕು. ವಿಚಾರಣೆಯನ್ನು ನಿಂತಲ್ಲಿಂದ ಮುಂದುವರಿಸುವುದೋ ಮೊದಲಿಂದ ನಡೆಸುವುದೋ ಆ ನ್ಯಾಯಾಧೀಶರಿಗೆ ಬಿಟ್ಟದ್ದು.