ಪೋಡಿಗೆ ಕ್ಯಾಮೆರಾ ಒಯ್ಯುವ ಮುನ್ನ

ಬಿಳಿಗಿರಿರಂಗನ ಬೆಟ್ಟದ ಬುಡಕಟ್ಟು ಜನರಾದ ಸೋಲಿಗರನ್ನು ಸಿನಿಮಾದಲ್ಲಿ ತೋರಿಸಲು ಹೊರಟವರು ಮೊದಲು ಓಡುವುದು ಅರಣ್ಯ ಇಲಾಖೆಗೆ. ಓಡಲೇಬೇಕು, ಹುಲಿ ಮೀಸಲು ಪ್ರದೇಶದೊಳಗೆ ಚಿತ್ರೀಕರಣಕ್ಕೆ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಡಿ ಮುಖ್ಯ ವನ್ಯಜೀವಿ ಪರಿಪಾಲಕರ ಅನುಮತಿ ಬೇಕು. ಆದರೆ ಆ ಪತ್ರ ಕಾಡಿಗೆ ಮಾತ್ರ. ಜನರ ಒಪ್ಪಿಗೆಯನ್ನು ಸೋಲಿಗರ ಹಾಡಿಯಾದ ಪೋಡಿನಲ್ಲೇ ಕೇಳಬೇಕು, ಅದೂ ಚಿತ್ರಕಥೆ ಇನ್ನೂ ತಿದ್ದಲು ಬರುವಾಗ.

ಯಜಮಾನರೊಬ್ಬರ ಸಹಿ ಸಾಲದು. ಗ್ರಾಮಸಭೆ ಸೇರಲಿ. ಅರಣ್ಯ ಹಕ್ಕು ನಿಯಮಗಳು ಗ್ರಾಮಸಭೆಗೆ ಹೇಳುವ ಕೋರಂ (ಕನಿಷ್ಠ ಹಾಜರಾತಿ) ಸಿನಿಮಾಕ್ಕೆ ಅನ್ವಯಿಸದಿದ್ದರೂ ಒಳ್ಳೆಯ ಅಳತೆ: ಅರ್ಧದಷ್ಟು ಸದಸ್ಯರು, ಬಂದವರಲ್ಲಿ ಮೂರನೇ ಒಂದು ಭಾಗವಾದರೂ ಹೆಂಗಸರು. ಕಥೆಯನ್ನು ಓದಿ ಹೇಳಿ, ಎರಡು ವಾರ ಬಿಟ್ಟು ಮತ್ತೆ ಹೋಗಿ. ಮೊದಲ ದಿನ ದಾಕ್ಷಿಣ್ಯಕ್ಕೆ ‘ಆಯ್ತು’ ಅಂದವರು ಎರಡನೇ ಸಲ ಮನಸ್ಸಿನಲ್ಲಿದ್ದದ್ದನ್ನು ಹೇಳುತ್ತಾರೆ. ಒಪ್ಪಿಗೆಯನ್ನು ಧ್ವನಿಯಲ್ಲೂ ದಾಖಲಿಸಿ, ಒಂದು ಪ್ರತಿ ಅವರಿಗೇ ಕೊಡಿ.

ಹೆಚ್ಚಿನ ತಂಡಗಳು ಯೋಚಿಸದ ಅಪಾಯವೊಂದಿದೆ. ಹಿಂದೆ ಸೋಲಿಗರು ತರಗು ಬೆಂಕಿ (ನೆಲದ ಒಣ ಎಲೆಗಳಿಗೆ ಹಚ್ಚುವ ಬೆಂಕಿ) ಹಾಕುತ್ತಿದ್ದರು, ಬೇಟೆಯಾಡುತ್ತಿದ್ದರು. ಈಗ ಎರಡೂ ಕಾನೂನಿಗೆ ವಿರುದ್ಧ. ಸಾಕ್ಷ್ಯಚಿತ್ರಕ್ಕೆಂದು ನಿಜವಾದ ವ್ಯಕ್ತಿಯಿಂದ ಅವನ್ನು ಮಾಡಿಸಿದರೆ ನಿಮ್ಮ ದೃಶ್ಯವೇ ಆತನ ಮೇಲಿನ ಸಾಕ್ಷಿಯಾದೀತು. ನೀವು ಊರಿಗೆ ಹೋಗುತ್ತೀರಿ, ಕೇಸು ಅಲ್ಲೇ ಉಳಿಯುತ್ತದೆ. ಹಳೆಯ ಪದ್ಧತಿ ಕಥೆಗೆ ಬೇಕೇ ಬೇಕೆಂದರೆ ಹಿರಿಯರ ಮಾತಿನಲ್ಲಿ ಹೇಳಿಸಿ, ಇಲ್ಲವೇ ಚಿತ್ರ ಬರೆಸಿ. ಜೇನುಗೂಡು, ಔಷಧಿ ಗಿಡಗಳ ಜಾಗ ಗುರುತು ಸಿಗುವ ಅಗಲ ಶಾಟ್ ಬೇಡ; ಫೈಲಿನಲ್ಲಿ ಕೂತಿರುವ ಜಿಪಿಎಸ್ ಮಾಹಿತಿಯನ್ನೂ ಅಳಿಸಿ. ಹೆಜ್ಜೇನಿನ ಬಳಿ ಡ್ರೋನ್ ಹಾರಿಸಲೇಬೇಡಿ. ಹುಳು ಎದ್ದರೆ ಕಚ್ಚಿಸಿಕೊಳ್ಳುವವರು ಕೆಳಗಿದ್ದವರು.

ವೇಷಭೂಷಣದ ವಿಷಯ ಸರಳ: ಮೈಗೆ ಮಸಿ ಬಳಿಯುವುದು, ಸೊಂಟಕ್ಕೆ ಸೊಪ್ಪು ಕಟ್ಟುವುದು, ಅರ್ಥವಿಲ್ಲದ ‘ಕಾಡು ಭಾಷೆ’ ಕೂಗಿಸುವುದು ಬೇಡ. ಇವತ್ತಿನ ಪೋಡಿನಲ್ಲಿ ಕಾಫಿ ಗಿಡವಿದೆ, ಮೊಬೈಲ್ ಇದೆ. ಅವನ್ನು ಫ್ರೇಮಿನಿಂದ ಸರಿಸಿದ ಕ್ಷಣವೇ ಸುಳ್ಳು ಶುರು. ಸಂಭಾಷಣೆಯನ್ನು ಸೋಲಿಗ ನುಡಿಗೆ ತರುವವರು ಪೋಡಿನವರೇ ಆಗಲಿ. ಟೈಟಲ್ ಕಾರ್ಡಿನಲ್ಲಿ ಅವರ ಹೆಸರು ಸಂಭಾಷಣೆ ಬರೆದವರ ಸಾಲಿನಲ್ಲೇ ಬರಲಿ. ದೊಡ್ಡ ಸಂಪಿಗೆ ಮರದಂಥ ದೇವರ ತಾಣದಲ್ಲಿ ಕ್ಯಾಮೆರಾ ಎಲ್ಲಿಯವರೆಗೆ ಬರಬಹುದೆಂದು ಅಲ್ಲಿನ ಪೂಜಾರಿಯಾದ ತಮ್ಮಡಿಯನ್ನು ಕೇಳಿ. ಸೋಲಿಗರ ರೊಟ್ಟಿ ಹಬ್ಬವನ್ನು ನಿಮ್ಮ ಕಾಲ್‌ಶೀಟಿಗೆ ಹೊಂದಿಸಿ ‘ಮತ್ತೊಮ್ಮೆ ಮಾಡಿ’ ಅನ್ನಬೇಡಿ.

ಸಂಭಾವನೆಯನ್ನು ಒಬ್ಬರ ಕೈಗೆ ಒಟ್ಟಿಗೆ ಕೊಟ್ಟರೆ ಪೋಡಿನಲ್ಲಿ ಜಗಳ ಖಂಡಿತ. ಬೆಂಗಳೂರಿನ ಸಹಕಲಾವಿದರಿಗೆ ಕೊಡುವ ದರವನ್ನೇ ಪ್ರತಿಯೊಬ್ಬರಿಗೂ ಅದೇ ದಿನ ಕೊಡಿ. ‘ಜನಪದ ತಾನೇ’ ಎಂದು ಹಾಡನ್ನು ಪುಕ್ಕಟೆ ಎತ್ತಿಕೊಳ್ಳುವುದು ನಮ್ಮ ಚಿತ್ರರಂಗದ ಹಳೆಯ ಚಾಳಿ. ಹಾಡಿದವರ ಹೆಸರು ಹಾಕಿ, ಜಾಹೀರಾತಿಗೆ ಬಳಸುವುದಾದರೆ ಮತ್ತೆ ಕೇಳಬೇಕೆಂದು ಕರಾರಿನಲ್ಲಿ ಬರೆಯಿರಿ.

ಕೊನೆಗೆ ರಫ್ ಕಟ್ಟನ್ನು (ಸಂಕಲನದ ಮೊದಲ ಕರಡನ್ನು) ಪೋಡಿನಲ್ಲೇ ತೋರಿಸಿ, ಸೌಂಡ್ ಮಿಕ್ಸಿಂಗಿಗೆ ಮೊದಲೇ. ಮಿಕ್ಸಿಂಗ್ ಮುಗಿದ ಮೇಲೆ ದೃಶ್ಯ ತೆಗೆಯಲು ಖರ್ಚಾಗುತ್ತದೆ, ಆಗ ನಿರ್ಮಾಪಕರು ಒಪ್ಪುವುದಿಲ್ಲ. ಯಾವ ದೃಶ್ಯ ಬೇಡವೆನ್ನುವ ಹಕ್ಕು ಯಾರಿಗಿದೆ, ಎಷ್ಟು ದಿನದೊಳಗೆ ಹೇಳಬೇಕು ಎಂಬುದು ಮೊದಲ ಕರಾರಿನಲ್ಲೇ ಇರಲಿ.