ಪಿಡಿಎಫ್ ಲಿಂಕ್ ಹೊಸ ಟ್ಯಾಬ್‌ನಲ್ಲಿ ತೆರೆಯುವ ಹಾಗೆ ಮಾಡಿ

ನಮ್ಮಮ್ಮ ಒಂದು ಆನ್‌ಲೈನ್ ಅರ್ಜಿ ತುಂಬುತ್ತಿದ್ದರು. ಹೆಸರು, ವಿಳಾಸ, ಖಾತೆ ಸಂಖ್ಯೆ, ಎಲ್ಲವನ್ನೂ ಒಂದೇ ಬೆರಳಲ್ಲಿ ಹುಡುಕಿ ಹುಡುಕಿ ಒತ್ತಿ 20 ನಿಮಿಷ ಆಗಿತ್ತು. ನಡುವೆ ‘ನಿಯಮಗಳನ್ನು ಓದಿ’ ಅಂತ ಒಂದು ಲಿಂಕ್. ಒತ್ತಿದರು. ಅರ್ಜಿ ಇದ್ದ ಟ್ಯಾಬ್‌ನಲ್ಲೇ ಪಿಡಿಎಫ್ ತೆರೆದುಕೊಂಡಿತು. ಪೂರ್ತಿ ಓದಿದರು, ಮೇಲಿನ ಗುಣಾಕಾರ ಚಿಹ್ನೆ ಒತ್ತಿ ಮುಚ್ಚಿದರು. ಅದರ ಜೊತೆ ಅರ್ಜಿಯೂ ಹೋಯಿತು. “ನಾನೇ ಏನೋ ತಪ್ಪು ಒತ್ತಿಬಿಟ್ಟೆ” ಎಂದರು. ಅವರದ್ದೇನೂ ತಪ್ಪಿರಲಿಲ್ಲ. ಆ ಪುಟ ಮಾಡಿದವರು ಲಿಂಕ್‌ನಲ್ಲಿ ಇನ್ನೊಂದು ತುಣುಕು ಸೇರಿಸಿದ್ದರೆ ಸಾಕಿತ್ತು.

ಓದುವವರಿಗೆ ಪಿಡಿಎಫ್ ಅಂದರೆ ಒಂದು ಕಾಗದ. ಓದಿ ಆದ ಮೇಲೆ ಕಾಗದವನ್ನು ಮುಚ್ಚಿಡುತ್ತೇವೆ, ಅಲ್ವಾ? ಅಲ್ಲಿ ಬ್ಯಾಕ್ ಬಟನ್ ಯಾರಿಗೂ ನೆನಪಾಗುವುದಿಲ್ಲ. ಆದ್ದರಿಂದ ನಾನು ಮಾಡುವ ಪುಟಗಳಲ್ಲಿ ಡಾಕ್ಯುಮೆಂಟ್‌ಗಳು ಹೊಸ ಟ್ಯಾಬ್‌ನಲ್ಲೇ ತೆರೆಯುತ್ತವೆ.

ಕೆಲಸ ಸುಲಭ. ಎಚ್‌ಟಿಎಂಎಲ್‌ನಲ್ಲಿ, ಅಂದರೆ ಪುಟದ ಕೋಡ್‌ನಲ್ಲಿ, ಲಿಂಕ್‌ನ ಎ ಟ್ಯಾಗ್ ಹುಡುಕಿ. ಎಚ್‌ರೆಫ್ ಮತ್ತು ಫೈಲ್‌ನ ವಿಳಾಸ ಮುಗಿದ ಮೇಲೆ ಒಂದು ಜಾಗ ಬಿಟ್ಟು ಇದನ್ನು ಸೇರಿಸಿ:

ಟಾರ್ಗೆಟ್="_ಬ್ಲ್ಯಾಂಕ್"

ಇಲ್ಲಿ ಓದಲು ಕನ್ನಡದಲ್ಲಿ ಕೊಟ್ಟಿದ್ದೇನೆ. ಕೋಡ್‌ನಲ್ಲಿ ಎಲ್ಲವೂ ಇಂಗ್ಲಿಷ್ ಅಕ್ಷರದಲ್ಲೇ ಇರಬೇಕು. ವರ್ಡ್‌ಪ್ರೆಸ್ ಬಳಸುವವರಿಗೆ ಕೋಡ್ ಬೇಕಾಗಿಲ್ಲ, ಲಿಂಕ್ ಎಡಿಟ್ ಮಾಡುವಲ್ಲಿ ‘ಓಪನ್ ಇನ್ ನ್ಯೂ ಟ್ಯಾಬ್’ ಅಂತ ಇರುತ್ತದೆ, ಟಿಕ್ ಮಾಡಿದರೆ ಆಯಿತು.

ಬ್ಲ್ಯಾಂಕ್‌ನ ಮುಂಚೆ ಇರುವ ಆ ಅಡ್ಡಗೆರೆ, ಅಂಡರ್‌ಸ್ಕೋರ್, ಮಾತ್ರ ಮರೆಯಬೇಡಿ. ಅದಿಲ್ಲದೆ ಬರೀ ಬ್ಲ್ಯಾಂಕ್ ಅಂತ ಬರೆದರೂ ಮೊದಲ ಸಲ ಹೊಸ ಟ್ಯಾಬ್ ತೆರೆಯುತ್ತದೆ. ಸರಿಯಾಗಿದೆ ಅಂದುಕೊಳ್ಳುತ್ತೀರಿ. ಆಮೇಲೆ ಎರಡನೇ ಪಿಡಿಎಫ್ ಒತ್ತಿ ನೋಡಿ. ಮೂರನೇ ಟ್ಯಾಬ್ ಬರುವುದಿಲ್ಲ, ಮೊದಲ ಪಿಡಿಎಫ್ ಇದ್ದ ಟ್ಯಾಬ್‌ಗೇ ಎರಡನೆಯದು ಬಂದು ಕೂರುತ್ತದೆ. ಯಾಕೆಂದರೆ ಅಂಡರ್‌ಸ್ಕೋರ್ ಇಲ್ಲದ ಪದವನ್ನು ಬ್ರೌಸರ್ ಒಂದು ಹೆಸರು ಅಂತ ತಿಳಿಯುತ್ತದೆ. ಆ ಹೆಸರಿನ ಟ್ಯಾಬ್ ಆಗಲೇ ತೆರೆದಿದ್ದರೆ ಅದನ್ನೇ ಮತ್ತೆ ಬಳಸುತ್ತದೆ. ಇದನ್ನು ಕಂಡುಹಿಡಿಯಲು ನನಗೆ ಒಂದು ಸಂಜೆ ಪೂರ್ತಿ ಹಿಡಿಯಿತು. ಅದಕ್ಕೇ ಇಷ್ಟು ಒತ್ತಿ ಹೇಳುತ್ತಿದ್ದೇನೆ.

ಟಾರ್ಗೆಟ್ ಬರೆಯುವುದೇ ತಪ್ಪು ಅಂತ ಹಳೆಯ ಪಾಠಗಳಲ್ಲಿ ಓದಿರಬಹುದು. 1999ರ ಎಚ್‌ಟಿಎಂಎಲ್ 4.01ರ ಸ್ಟ್ರಿಕ್ಟ್ ರೂಪದಲ್ಲಿ ಅದಕ್ಕೆ ಜಾಗ ಇರಲಿಲ್ಲ ನಿಜ. ಎಚ್‌ಟಿಎಂಎಲ್ 5ರಲ್ಲಿ ಅದು ಮತ್ತೆ ಬಂದಿದೆ. ಧೈರ್ಯವಾಗಿ ಬಳಸಿ.

ಫೈಲ್ ಬೇರೆಯವರ ಸೈಟ್‌ನಲ್ಲಿದ್ದರೆ ರೆಲ್="ನೋಓಪನರ್" ಅನ್ನೂ ಸೇರಿಸಿ. ಹಳೆಯ ಬ್ರೌಸರ್‌ಗಳಲ್ಲಿ, ಹೊಸ ಟ್ಯಾಬ್‌ನಲ್ಲಿ ತೆರೆದ ಪುಟ, ತನ್ನನ್ನು ತೆರೆದ ಹಳೆಯ ಟ್ಯಾಬ್‌ನ ವಿಳಾಸವನ್ನೇ ಬದಲಿಸಬಹುದಿತ್ತು. ನೀವು ಹೊಸ ಟ್ಯಾಬ್ ಓದುತ್ತಿರುವಾಗ ಹಿಂದೆ ನಕಲಿ ಲಾಗಿನ್ ಪುಟ ಬಂದು ಕೂತಿರಬಹುದಿತ್ತು. ಸಫಾರಿ 12.1, ಫೈರ್‌ಫಾಕ್ಸ್ 79, ಕ್ರೋಮ್ 88ರಿಂದ ಈಚೆಗೆ ಬ್ರೌಸರ್‌ಗಳೇ ಇದನ್ನು ತಡೆಯುತ್ತಿವೆ. ಆದರೂ ಹಳೆಯ ಫೋನ್‌ಗಳು ಇನ್ನೂ ಬಳಕೆಯಲ್ಲಿವೆ. ನಾನಂತೂ ಬರೆಯುವುದನ್ನು ಬಿಟ್ಟಿಲ್ಲ.

ಎಲ್ಲ ಸರಿ ಬರೆದರೂ ಪಿಡಿಎಫ್ ತೆರೆಯದೆ ಸುಮ್ನೆ ಡೌನ್‌ಲೋಡ್ ಆಗುತ್ತಿದ್ದರೆ? ಲಿಂಕ್ ಬಿಟ್ಟು ಸರ್ವರ್ ಕಡೆ ನೋಡಿ. ಸರ್ವರ್ ಫೈಲ್ ಜೊತೆ ಕಳಿಸುವ ಕಂಟೆಂಟ್-ಡಿಸ್ಪೊಸಿಷನ್ ಎಂಬ ಸೂಚನೆಯಲ್ಲಿ (ಹೆಡರ್) ಅಟ್ಯಾಚ್‌ಮೆಂಟ್ ಅಂತಿದ್ದರೆ ಬ್ರೌಸರ್ ಫೈಲನ್ನು ಉಳಿಸಿಕೊಳ್ಳುತ್ತದೆ, ಇನ್‌ಲೈನ್ ಅಂತಿದ್ದರೆ ತೋರಿಸುತ್ತದೆ. ವರ್ಡ್ ಮತ್ತು ಎಕ್ಸೆಲ್ ಫೈಲ್‌ಗಳ ಕತೆಯೇ ಬೇರೆ. ಅವುಗಳನ್ನು ತೋರಿಸುವ ವ್ಯವಸ್ಥೆ ಸಾಮಾನ್ಯವಾಗಿ ಬ್ರೌಸರ್‌ನಲ್ಲಿ ಇರುವುದಿಲ್ಲ. ಖಾಲಿ ಟ್ಯಾಬ್ ಒಂದು ಕ್ಷಣ ಮಿಂಚಿ ಮಾಯವಾಗುತ್ತದೆ, ಫೈಲ್ ಡೌನ್‌ಲೋಡ್ ಆಗುತ್ತದೆ. ಅಂಥವಕ್ಕೆ ಟಾರ್ಗೆಟ್ ಹಾಕಬೇಡಿ. ಸಾಧ್ಯವಾದರೆ ಪಿಡಿಎಫ್ ಮಾಡಿ ಹಾಕಿ.

ಪುಟದಲ್ಲಿ ನೂರಾರು ಪಿಡಿಎಫ್ ಲಿಂಕ್ ಇದ್ದರೆ ಒಂದೊಂದನ್ನೇ ತಿದ್ದಬೇಕಿಲ್ಲ. ಜಾವಾಸ್ಕ್ರಿಪ್ಟ್‌ನ ಕ್ವೆರಿಸೆಲೆಕ್ಟರ್‌ಆಲ್ ಬಳಸಿ, ಎಚ್‌ರೆಫ್‌ನ ಕೊನೆಗೆ ಚುಕ್ಕಿ ಪಿಡಿಎಫ್ ಇರುವ ಎ ಟ್ಯಾಗ್‌ಗಳನ್ನೆಲ್ಲ ಹಿಡಿದು, ಫಾರ್‌ಈಚ್‌ನಲ್ಲಿ ಪ್ರತಿಯೊಂದಕ್ಕೂ ಟಾರ್ಗೆಟ್ ಕೊಡಿ. ಸೆಲೆಕ್ಟರ್‌ನಲ್ಲಿ, ಅಂದರೆ ಯಾವ ಟ್ಯಾಗ್ ಬೇಕೆಂದು ಹೇಳುವ ಭಾಗದಲ್ಲಿ, ‘ಕೊನೆಗೆ ಇದು ಇರಬೇಕು’ ಎನ್ನಲು ಸಮ ಚಿಹ್ನೆಯ ಮುಂಚೆ ಡಾಲರ್ ಚಿಹ್ನೆ ಬರುತ್ತದೆ. ಆದರೆ ನೇರವಾಗಿ 5ನೇ ಪುಟಕ್ಕೆ ಹೋಗಲಿ ಅಂತ ವಿಳಾಸದ ಕೊನೆಗೆ #ಪೇಜ್=5 ಸೇರಿಸಿದ್ದರೆ ಅಂಥ ಲಿಂಕ್ ಈ ಬಲೆಗೆ ಬೀಳುವುದಿಲ್ಲ. ಆಗ ಡಾಲರ್ ಜಾಗದಲ್ಲಿ ನಕ್ಷತ್ರ ಚಿಹ್ನೆ ಹಾಕಿ, ವಿಳಾಸದಲ್ಲಿ ಎಲ್ಲಿದ್ದರೂ ಸಿಗುತ್ತದೆ. ಸ್ಕ್ರಿಪ್ಟನ್ನು ಬಾಡಿ ಟ್ಯಾಗ್ ಮುಗಿಯುವ ಮುಂಚೆ, ಎಲ್ಲಕ್ಕಿಂತ ಕೊನೆಗೆ ಇಡಿ. ಇಲ್ಲದಿದ್ದರೆ ಅದು ಓಡುವ ಹೊತ್ತಿಗೆ ಲಿಂಕ್‌ಗಳೇ ಬಂದಿರುವುದಿಲ್ಲ.

ಪುಟದ ಕೋಡ್‌ನ ಹೆಡ್ ಭಾಗದಲ್ಲಿ ಬೇಸ್ ಟ್ಯಾಗ್‌ಗೆ ಟಾರ್ಗೆಟ್ ಕೊಟ್ಟು ಒಂದೇ ಏಟಿಗೆ ಎಲ್ಲ ಲಿಂಕ್‌ಗಳನ್ನೂ ಹೊಸ ಟ್ಯಾಬ್‌ಗೆ ಕಳಿಸಬಹುದು. ದಯವಿಟ್ಟು ಹಾಗೆ ಮಾಡಬೇಡಿ. ಮುಖಪುಟ, ಸಂಪರ್ಕ, ಮುಂದಿನ ಪುಟ, ಎಲ್ಲದಕ್ಕೂ ಒಂದೊಂದು ಟ್ಯಾಬ್ ಆದರೆ ಫೋನ್‌ನಲ್ಲಿ ಓದುವವರು ಕಳೆದುಹೋಗುತ್ತಾರೆ. ಹೊಸ ಟ್ಯಾಬ್‌ಗೆ ಹಿಂದಿನ ಇತಿಹಾಸ ಇರುವುದಿಲ್ಲ. ಕಂಪ್ಯೂಟರ್‌ನಲ್ಲಿ ನೋಡಿದರೆ ಅಲ್ಲಿ ಬ್ಯಾಕ್ ಬಟನ್ ಸಾಮಾನ್ಯವಾಗಿ ಮಸುಕಾಗಿರುತ್ತದೆ.

ಇದೇ ಕಾರಣಕ್ಕೆ ಹೊಸ ಟ್ಯಾಬ್ ತೆರೆಯುತ್ತದೆ ಅಂತ ಮೊದಲೇ ಹೇಳಿಬಿಡಿ. ಪರದೆಯ ಬರಹವನ್ನು ಗಟ್ಟಿಯಾಗಿ ಓದಿ ಹೇಳುವ ಸ್ಕ್ರೀನ್ ರೀಡರ್ ಕೇಳುತ್ತಾ ಓದುವವರಿಗೆ ಟ್ಯಾಬ್ ಬದಲಾದದ್ದು ಕಾಣುವುದಿಲ್ಲ. ನಾನು ಲಿಂಕ್‌ನ ಒಳಗೇ ಬರೆಯುತ್ತೇನೆ: ‘ನಿಯಮಗಳು, ಪಿಡಿಎಫ್, 2 ಎಂಬಿ, ಹೊಸ ಟ್ಯಾಬ್‌ನಲ್ಲಿ’. ಸ್ವಲ್ಪ ಉದ್ದ ಆಗುತ್ತದೆ, ಆಗಲಿ. ‘ಇಲ್ಲಿ ಕ್ಲಿಕ್ ಮಾಡಿ’ ಅಂತ ಬರೆಯುವುದಕ್ಕಿಂತ ಎಷ್ಟೋ ವಾಸಿ. ಹೊಸ ಟ್ಯಾಬ್ ಅಂತ ಸೂಚಿಸಲು ಬರೀ ಬಾಣದ ಚಿತ್ರ ಹಾಕಿದರೆ ಅಮ್ಮನಂಥವರಿಗೆ ಅದು ಏನೂ ಹೇಳುವುದಿಲ್ಲ.

ಎಲ್ಲ ಮುಗಿದ ಮೇಲೆ ಒಂದು ಪರೀಕ್ಷೆ ಮಾಡಿ. ನಿಮ್ಮ ಫಾರ್ಮ್‌ನ ಎರಡು ಸಾಲು ತುಂಬಿ, ಪಿಡಿಎಫ್ ತೆರೆದು, ಆ ಟ್ಯಾಬ್ ಮುಚ್ಚಿ. ತುಂಬಿದ ಎರಡು ಸಾಲು ಹಾಗೇ ಇರಬೇಕು. ಫೋನ್‌ನಲ್ಲೂ ಇದನ್ನೇ ಮಾಡಿ ನೋಡಿ.

ಬೇರೆಯವರ ಪುಟವನ್ನು ನಾವು ತಿದ್ದಲು ಆಗುವುದಿಲ್ಲ. ಅದಕ್ಕೆ ಅಮ್ಮನಿಗೆ ಕಂಟ್ರೋಲ್ ಕೀ ಒತ್ತಿ ಹಿಡಿದು ಲಿಂಕ್ ಒತ್ತುವುದನ್ನು ಕಲಿಸಿದೆ. ಮ್ಯಾಕ್‌ನಲ್ಲಾದರೆ ಕಮಾಂಡ್ ಕೀ. ಫೋನ್‌ನಲ್ಲಿ ಲಿಂಕ್ ಮೇಲೆ ಬೆರಳು ಒತ್ತಿ ಹಿಡಿದರೆ ಹೊಸ ಟ್ಯಾಬ್‌ನ ಆಯ್ಕೆ ಬರುತ್ತದೆ. ಮರುದಿನ ಅವರು ಅದೇ ಅರ್ಜಿಯನ್ನು ಮೊದಲಿಂದ ತುಂಬಿದರು. ನಿಯಮಗಳ ಲಿಂಕ್ ಹತ್ತಿರ ಬಂದಾಗ ಎಡಗೈ ತಾನಾಗಿ ಕಂಟ್ರೋಲ್ ಕೀ ಮೇಲೆ ಹೋಯಿತು.